ಮೀನಿಲ್ಲದ ಕಡಲು

ಘಟ್ಟದ ಮೇಲಿನಿಂದ ಬಂದ ಲಾರಿ ಬಿಕರ್ನಕಟ್ಟೆಯ ಏರು ಹತ್ತಿ ಮುದ್ದಕ್ಕನ ಹೊಸ ಮನೆಯೆದುರು ಉಸ್ಸೆಂದು ನಿಂತಾಗ, ಮೊದಲು ಓಡಿ ಹೋಗಿ ಅದರ ಹಿಂಬದಿಯ ಹಲಗೆ ಹತ್ತಿದವಳು ಆನಿ.

"ನೀರ್ದೋಸೆ ಅಟ್ಟಿ ಮಾರಾಯ್ತಿ! ಬಾ ನೋಡು!"

ನಿಜವಾಗಿಯೂ ಹಾಗೆಯೇ ಇತ್ತು. ಎರಡಡಿ ಅಗಲ, ಎರಡಡಿ ಉದ್ದದ ಚಪ್ಪಡಿಗಳು ಒಂದರ ಮೇಲೊಂದು. ಒಣಗಿಸಿದ ಸಿಗಡಿಯ ಬಣ್ಣ. ಎರಡಿಂಚು ದಪ್ಪದ ಒಂದೊಂದು ಚಪ್ಪಡಿಯ ಅಂಚಿನಲ್ಲೂ ಮತ್ತೆ ಸಣ್ಣ ಸಣ್ಣ ಗೆರೆಗಳು, ಮುಚ್ಚಿದ ಪುಸ್ತಕದ ಹಾಳೆಗಳ ಹಾಗೆ. ನಾನು ಒಂದು ಬೆರಳನ್ನು ಆ ಗೆರೆಗಳ ಮೇಲೆ ಆಡಿಸಿದೆ. ಅಂಥ ಕಲ್ಲನ್ನು ನಾನು ಕಂಡಿರಲಿಲ್ಲ.

ಅದು ಎಂಬತ್ತೊಂದನೆಯ ಇಸವಿಯ ಎಪ್ರಿಲ್. ಮುದ್ದಕ್ಕನ ಮಗ ಮೋಹನದಾಸಣ್ಣ ದುಬೈಯಲ್ಲಿದ್ದರು. ಅವರ ರೂಮಿನಲ್ಲಿದ್ದವರೊಬ್ಬರು ಬಾದಾಮಿಯ ಕಡೆಯವರಂತೆ. ಮನೆಯ ಮುಂದಿನ ಚಾವಡಿಗೆ ನಮ್ಮೂರಿನ ಕಲ್ಲು ಹಾಕಿ ನೋಡು, ಬೇಸಿಗೆಯಲ್ಲಿ ಬರಿಮೈಯಲ್ಲಿ ಮಲಗಬಹುದು ಎಂದು ಹೇಳಿ, ಅವರೇ ಕಾಗದ ಬರೆದು ಲಾರಿ ಗೊತ್ತುಮಾಡಿಸಿದ್ದರು. ಮನೆ ಕಟ್ಟುತ್ತಿದ್ದದ್ದು ನನ್ನ ಅಪ್ಪ ಪೂವಪ್ಪ ಮೇಸ್ತ್ರಿ. ನಾನು ಮತ್ತು ಆನಿ ಅವರ ಕೆಲಸಕ್ಕೆ ನೀರು, ನಾವು ಹೊಯ್ಗೆ ಎನ್ನುವ ಮರಳು, ಕಲ್ಲು ಹೊರುತ್ತಿದ್ದೆವು. ನನಗೆ ಆಗ ಹತ್ತೊಂಬತ್ತು. ಹೆಸರು ಬಾಗಿ.

ಅಪ್ಪ ಮೂವತ್ತು ವರ್ಷ ಮುರಕಲ್ಲಿನ ಗೋಡೆ ಕಟ್ಟಿದವರು. ನಮ್ಮ ಊರಿನ ಆ ಕೆಂಪು ಕಲ್ಲಿಗೆ ಪದರವಿಲ್ಲ, ಮೈಯೆಲ್ಲ ತೂತು. ನೆಲದೊಳಗಿರುವಾಗ ಬೆಲ್ಲದ ಹಾಗೆ ಮೆತ್ತಗಿರುತ್ತದೆ. ಕಡಿದು ತೆಗೆದು ಗಾಳಿಗೆ, ಮಳೆಗೆ ಬಿಟ್ಟರೆ ಗಟ್ಟಿಯಾಗುತ್ತದೆ. ಮಳೆ ತಿನ್ನದ ಕಲ್ಲನ್ನು ಅಪ್ಪ ಯಾವತ್ತೂ ಗೋಡೆಗೆ ಇಟ್ಟವರಲ್ಲ. ಹಾಗಾಗಿ ಈ ಚಪ್ಪಡಿಗಳನ್ನೂ ಅಂಗಳದಲ್ಲಿ ಒಂದೊಂದಾಗಿ ಅಂಗಾತ ಮಲಗಿಸಲು ಹೇಳಿದರು.

ಲಾರಿಯ ಡ್ರೈವರ್ ಬೀಡಿ ಕಚ್ಚಿಕೊಂಡು ನೋಡುತ್ತಿದ್ದ. "ಯಾಕ್ರೀ ಮೇಸ್ತ್ರಿ, ಹಪ್ಪಳ ಒಣಗಿಸಿದಂಗ ಹರವಾಕ್ಹತ್ತೀರಿ?"

"ಒಂದು ಮಳೆ ತಿನ್ಲಿ," ಎಂದರು ಅಪ್ಪ ಗಂಭೀರವಾಗಿ. "ಹಸಿ ಕಲ್ಲು ಹಾಕಿದ್ರೆ ಮತ್ತೆ ಪುಡಿ ಆಗ್ತದೆ."

"ಹಸೀ ಕಲ್ಲಾ?" ಡ್ರೈವರನ ಬೀಡಿ ಕೆಳಗೆ ಬಿತ್ತು. "ನಮ್ಮ ಮುತ್ತಜ್ಜನ ಮುತ್ತಜ್ಜ ಹುಟ್ಟೂಕಿಂತ ಮದಲ ಒಣಗೇತ್ರೀ ಇದು! ಇನ್ನ ನಿಮ್ಮೂರ ಮಳ್ಯಾಗ ನೆನಿಸಿ ಏನ್ ಗಟ್ಟಿ ಮಾಡ್ತೀರಿ?" ಅವನು ಟಯರಿಗೆ ಒರಗಿ ನಕ್ಕ, ನಕ್ಕು ಕೆಮ್ಮಿದ. ನನ್ನ ಕಡೆ ತಿರುಗಿ, "ತಂಗೀ, ನೀನರ ಹೇಳವಾ ನಿಮ್ಮಪ್ಪಗ," ಎಂದ.

ನನಗೆ ನಗು ಬಂತು.

ಇದು ನನ್ನ ಕಾಯಿಲೆ. ಮಾತು ಬರಬೇಕಾದ ಕಡೆ ನನಗೆ ನಗು ಬರುತ್ತದೆ. ಏಳನೆಯ ಕ್ಲಾಸಿನಲ್ಲಿ ಎದ್ದು ನಿಂತು ಪಾಠ ಓದು ಎಂದರೆ ಸಾಕು, ಎಲ್ಲರ ಕಣ್ಣು ನನ್ನ ಮೇಲೆ ಬಿದ್ದ ಕೂಡಲೇ ಹೊಟ್ಟೆಯ ಅಡಿಯಿಂದ ನಗು ಏರಿ ಬರುತ್ತಿತ್ತು. ನಾಚಿಕೆಗೆ ಬಂದ ನಗುವೆಂದು ಮೇಷ್ಟ್ರಿಗೆ ಹೇಗೆ ಗೊತ್ತಾಗಬೇಕು? ನನ್ನನ್ನು ಬಾಗಿಲ ಹೊರಗೆ ನಿಲ್ಲಿಸುತ್ತಿದ್ದರು. ದಿನಾ ಹೊರಗೆ ನಿಂತು ನಿಂತು, ಒಂದು ದಿನ ಅಲ್ಲಿಂದಲೇ ಮನೆಗೆ ನಡೆದೆ. ಮತ್ತೆ ಹೋಗಲಿಲ್ಲ. ಆಮೇಲೆ ಮಾತಾಡುವ ಕೆಲಸವನ್ನು ಬೇರೆಯವರಿಗೆ ಬಿಟ್ಟು ನಾನು ನೋಡುವ ಕೆಲಸವನ್ನು ಇಟ್ಟುಕೊಂಡೆ.

ಅಪ್ಪನಿಗೆ ಆ ಚಪ್ಪಡಿಗಳ ಮೇಲೆ ಎಷ್ಟು ಆಸೆ ಎಂದು ಹಾಗೆ ನೋಡಿಯೇ ನನಗೆ ಗೊತ್ತಾದದ್ದು. ಮುದ್ದಕ್ಕ ಅಪ್ಪನಿಗೆ ಮಾತು ಕೊಟ್ಟಿದ್ದರು: ಚಾವಡಿಯ ನೆಲ ನಿನ್ನದೇ. ಅಲ್ಲಿಯವರೆಗೆ ಯಾರೂ ಅಪ್ಪನಿಗೆ ನೆಲ ಕೊಟ್ಟಿರಲಿಲ್ಲ. "ಗೋಡೆ ಕಟ್ಟಿದವನ ಕೆಲಸ ಸಾರಣೆಯ ಹಿಂದೆ ಹೋಗ್ತದೆ," ಎಂದು ಅವರು ಊಟದ ಹೊತ್ತಿಗೆ ಅಮ್ಮನೊಡನೆ ಹೇಳುತ್ತಿದ್ದರು, "ನೆಲ ಹಾಗಲ್ಲ. ಬಂದವರೆಲ್ಲ ತಲೆ ತಗ್ಗಿಸಿ ನೋಡ್ತಾರೆ." ಚಪ್ಪಡಿಗಳ ನಡುವೆ ಅವರು ಬೆಕ್ಕಿನ ಹಾಗೆ ಕಾಲಿಡುತ್ತಿದ್ದರು.

ಮಳೆ ಬಂದದ್ದು ಶುಕ್ರವಾರ ಮಧ್ಯಾಹ್ನ. ಎರಡು ಗುಡುಗು, ಅರ್ಧ ಗಂಟೆ ಧೋ ಎಂದು ಸುರಿದು, ನಲ್ಲಿ ತಿರುಗಿಸಿದ ಹಾಗೆ ನಿಂತಿತು. ಬಿಸಿಲೂ ಬಂತು. ಅಂಗಳದಲ್ಲಿ ಬಿಟ್ಟಿದ್ದ ಬಾಲ್ದಿ ತರೋಣವೆಂದು ನಾನು ಚಪ್ಪಡಿಗಳ ಮೇಲೆ ಬರಿಗಾಲಿನಲ್ಲಿ ನಡೆದೆ. ಮೂರನೆಯ ಚಪ್ಪಡಿಯ ಮೇಲೆ ನನ್ನ ಕಾಲು ತಾನಾಗಿ ನಿಂತಿತು.

ಕಣ್ಣಿಗಿಂತ ಮೊದಲು ಅಂಗಾಲಿಗೆ ಗೊತ್ತಾದದ್ದು.

ಶಾಲೆ ಬಿಟ್ಟ ಮೇಲೆ ಮೂರು ವರ್ಷ ನಾನು ಕುದ್ರೋಳಿಯ ನಮ್ಮ ಮನೆಯ ಹಿಂದಿನ ಹೊಳೆಯಲ್ಲಿ ಮರುವಾಯಿ ಚಿಪ್ಪು ಹೆಕ್ಕಿದವಳು. ಇಳಿತದಲ್ಲಿ ನೀರು ಕಡಲಿಗೆ ಜಾರಿಹೋದ ಮೇಲೆ ಹೊಳೆಯ ಹೊಯ್ಗೆ ಸೀರೆಯ ನೆರಿಗೆಯ ಹಾಗೆ ಸಾಲುಸಾಲಾಗಿ ಎದ್ದಿರುತ್ತದೆ. ಆ ನೆರಿಗೆಗಳ ಮೇಲೆ ನಿಧಾನ ಕಾಲಾಡಿಸಿ, ಗಟ್ಟಿ ಸಿಕ್ಕಿದ ಕಡೆ ಹೆಬ್ಬೆರಳಿನಿಂದ ಕೆದಕಿದರೆ ಚಿಪ್ಪು. ಈಗ ಬಿಕರ್ನಕಟ್ಟೆಯ ಗುಡ್ಡದ ಮೇಲೆ, ಘಟ್ಟದ ಕಲ್ಲಿನ ಮೇಲೆ, ನನ್ನ ಕಾಲಿನಡಿ ಅದೇ ನೆರಿಗೆ. ನನ್ನ ಹೆಬ್ಬೆರಳು ನನ್ನನ್ನು ಕೇಳದೆ ಕಲ್ಲನ್ನು ಕೆದಕಿತು.

ಆಮೇಲೆ ನೋಡಿದೆ. ಧೂಳು ತೊಳೆದುಹೋಗಿತ್ತು. ಎಲ್ಲ ಚಪ್ಪಡಿಗಳ ಮೇಲೂ ಅಲೆ. ತಗ್ಗುಗಳಲ್ಲಿ ಮಳೆನೀರು ಗೆರೆಗೆರೆಯಾಗಿ ನಿಂತು ಬಿಸಿಲಿಗೆ ಮಿಣಮಿಣ ಅಲ್ಲಾಡುತ್ತಿತ್ತು. ಇಡೀ ಅಂಗಳ ನನ್ನ ಕಾಲಿನ ಕೆಳಗಿಂದ ಹರಿದುಹೋಗುತ್ತಿರುವಂತೆ ಕಂಡು, ತಲೆ ಗಿರ್ರೆಂದಿತು. ಕೂತುಬಿಟ್ಟೆ. ಕೂತು ನಕ್ಕೆ.

"ಟೀಚರೇ, ಇವಳಿಗೆ ಎಂತದೋ ಆಯ್ತು!" ಎಂದು ಆನಿ ಪಕ್ಕದ ಮನೆಗೆ ಕೂಗಿದಳು.

ಪಕ್ಕದ ಮನೆಯಲ್ಲಿ ಹೈಸ್ಕೂಲಿನ ಬರ್ನಡೆಟ್ ಟೀಚರ್ ಇದ್ದರು. ಬೇಸಿಗೆ ರಜೆ. ಕೈಯಲ್ಲಿ ಸಿಪ್ಪೆ ಸುಲಿಯುತ್ತಿದ್ದ ಹಲಸಿನ ಬೀಜದೊಡನೆಯೇ ಬಂದರು. ನನ್ನನ್ನು ನೋಡಲಿಲ್ಲ, ಕಲ್ಲನ್ನು ನೋಡಿದರು. ಹಲಸಿನ ಬೀಜವನ್ನು ಬಾಲ್ದಿಗೆ ಹಾಕಿ, ಮಂಡಿಯೂರಿ ಕೂತರು.

"ಬಾಗೀ, ಇದು ಕಡಲಿನ ಅಡಿ. ಹೊಯ್ಗೆ ಹೀಗೇ ಕಲ್ಲಾಗಿ ಕೂತದ್ದು. ಪಾಠದಲ್ಲಿ ಇಪ್ಪತ್ತು ಸಲ ಹೇಳಿದ್ದೇನೆ, ನೋಡಿದ್ದು ಇವತ್ತು."

"ಘಟ್ಟದ ಮೇಲೆ ಕಡಲಾ?" ಎಂದಳು ಆನಿ. "ನೋಹನ ಪ್ರಳಯದ ಕಾಲದ್ದಾ ಟೀಚರ್?"

"ಅದಕ್ಕಿಂತ ಹಿಂದೆ. ಫಾದರ್ ಹತ್ರ ಹೋಗಿ ಹೇಳ್ಬೇಡ."

ಅಷ್ಟರಲ್ಲಿ ಮುದ್ದಕ್ಕ ಬಂದರು. ಮಗ ಕಳಿಸಿದ ಮಡಚುವ ಕೊಡೆ, ಮಗ ಕಳಿಸಿದ ವಾಚು. ಗೇಟಿನಿಂದಲೇ ಅವರ ಸ್ವರ ಮೊದಲು ಒಳಗೆ ಬರುತ್ತಿತ್ತು, ಅವರು ಆಮೇಲೆ. "ಎಂತ ಮೂರು ಜನ ನೆಲದಲ್ಲಿ? ಉಂಗುರ ಬಿತ್ತಾ?" ಎಂದವರು ಅಂಗಳ ನೋಡಿ ಕೊಡೆ ಮಡಚಿದರು. "ಅಯ್ಯೋ ದೇವೆರೆ! ಇದೆಂತದು? ಬಟ್ಟೆ ಒಗೆಯುವ ಕಲ್ಲು ಕಳಿಸಿದ್ದಾರಲ್ಲ!"

ಟೀಚರ್ ಕಡಲಿನ ಸಂಗತಿ ವಿವರಿಸಿದರು. ಮುದ್ದಕ್ಕ ಸೊಂಟಕ್ಕೆ ಕೈಯಿಟ್ಟು ಕೇಳಿದರು.

"ಎಷ್ಟು ಹಳೇದು?"

"ಕೋಟಿ ಕೋಟಿ ವರ್ಷ ಮುದ್ದಕ್ಕ. ಆಗ ಮನುಷ್ಯರಿಲ್ಲ, ಮರ ಇಲ್ಲ, ಹುಲ್ಲು ಸಹಾ ಇಲ್ಲ."

"ಮೀನು?"

"ಮೀನೂ ಇರ್ಲಿಲ್ಲ."

ಮುದ್ದಕ್ಕ ಟೀಚರನ್ನು ನೋಡಿದರು, ಕಲ್ಲನ್ನು ನೋಡಿದರು, ಮತ್ತೆ ಟೀಚರನ್ನು. "ಮೀನಿಲ್ಲದ ಕಡಲಾ? ಮತ್ತೆ ಎಂತಕ್ಕೆ ಅದು?"

ಬರ್ನಡೆಟ್ ಟೀಚರ್ ಬಾಲ್ದಿಯಿಂದ ತಮ್ಮ ಹಲಸಿನ ಬೀಜ ಹೆಕ್ಕಿಕೊಂಡರು. ಆನಿ ಸೆರಗನ್ನು ಬಾಯಿಗೆ ತುರುಕಿದಳು. ನಾನು ಮುಖವನ್ನು ಮೊಣಕಾಲುಗಳ ನಡುವೆ ಹುಗಿದೆ.

ಆದರೆ ಮುದ್ದಕ್ಕ ನಗುತ್ತಿರಲಿಲ್ಲ. "ಪೂವಪ್ಪಾ, ಬಾ ಇಲ್ಲಿ," ಎಂದರು. "ಹೊಸ ಮನೆ ಹೊಗುವ ಒಕ್ಕೆಲಿಗೆ ಇನ್ನು ಮೂರು ವಾರವೂ ಇಲ್ಲ. ಬಂದ ನೆಂಟರು ಇದರ ಮೇಲೆ ಎಡವಿ ಬೀಳುದು ಬೇಡ. ಇದನ್ನು ದನದ ಹಟ್ಟಿಗೆ ಹಾಕು. ಚಾವಡಿಗೆ ತಾರಾನಾಥನನ್ನು ಕರಿಸ್ತೇನೆ, ಕೆಂಪು ಸಿಮೆಂಟಿನ ನೆಲ ಮಾಡ್ತಾನೆ, ಕನ್ನಡಿ ಹಾಗೆ."

ತಾರಾನಾಥ ಎಂದರೆ ಕಂಕನಾಡಿಯ ಕಂಟ್ರಾಕ್ಟರ್, ಬಿಳಿ ಪ್ಯಾಂಟಿನವರು. ಅಪ್ಪ ಮುಂದೆ ಬಂದರು.

"ಮುದ್ದಕ್ಕ, ನಾನು ಉಳಿ ಹೊಡೆದು ಸಮ ಮಾಡ್ತೇನೆ."

"ಮಾಡ್ತೀಯಾ?" ಮುದ್ದಕ್ಕ ತಮ್ಮ ಅಂಗೈ ಚಾಚಿ ಅದರ ಮೇಲೆ ಇನ್ನೊಂದು ಅಂಗೈ ಜಾರಿಸಿ ತೋರಿಸಿದರು. "ಹೀಗೆ ಆಗ್ಬೇಕು. ಸೋಮವಾರ ಹನ್ನೊಂದಕ್ಕೆ ತಾರಾನಾಥ ಅಳತೆಗೆ ಬರ್ತಾನೆ. ಅಷ್ಟರ ಒಳಗೆ ಒಂದು ಕಲ್ಲು ಸಮ ಮಾಡಿ ತೋರ್ಸು. ಆದ್ರೆ ಚಾವಡಿ ನಿನ್ನದು. ಆಗದಿದ್ರೆ ನನ್ನನ್ನು ಬೈಬೇಡ."

ಶನಿವಾರ ಬೆಳಿಗ್ಗೆ ಅಪ್ಪ ಒಂದು ಚಪ್ಪಡಿಯನ್ನು ನೆರಳಿಗೆ ಎಳೆದುಕೊಂಡು ಕೂತರು. ಮುರಕಲ್ಲನ್ನು ಅವರು ಕೆತ್ತುವುದನ್ನು ನೋಡಬೇಕು. ಕೊಡಲಿ ಬಿದ್ದಲ್ಲಿ ಮಾತ್ರ ಕಲ್ಲು ಪುಡಿಯಾಗುತ್ತದೆ, ಅತ್ತಿತ್ತ ಹೋಗುವುದಿಲ್ಲ. ಹಾಗೆಯೇ ಎಂದುಕೊಂಡು ಒಂದು ಅಲೆಯ ತಲೆಗೆ ಉಳಿಯಿಟ್ಟು ಹೊಡೆದರು. ಟಪ್ಪೆಂದಿತು. ಊಟದ ಬಟ್ಟಲಿನಷ್ಟು ಅಗಲದ ಒಂದು ಎಲೆ ಇಡಿಯಾಗಿ ಎದ್ದು ಬಂತು.

ಅದರ ಕೆಳಗೆ ಇನ್ನೊಂದು ಅಲೆ.

ಅಪ್ಪ ಉಳಿಯನ್ನು ನೋಡಿದರು. ಮತ್ತೆ ಹೊಡೆದರು. ಇನ್ನೊಂದು ಎಲೆ. ಕೆಳಗೆ ಇನ್ನೊಂದು ಅಲೆ, ಸ್ವಲ್ಪ ಬೇರೆ ದಿಕ್ಕಿಗೆ, ಬೇರೆ ದಿವಸದ ಗಾಳಿಗೆ ಎದ್ದದ್ದಿರಬೇಕು. ನಾನು ನೀರಿನ ಕೊಡ ಇಳಿಸಿ ಹತ್ತಿರ ಬಂದೆ. ಅಪ್ಪ ಹಲ್ಲು ಕಚ್ಚಿ ಹೊಡೆಯುತ್ತಿದ್ದರು. ಮೂರು, ನಾಲ್ಕು. ಅಲೆಯ ಕೆಳಗೆ ಅಲೆ, ಅದರ ಕೆಳಗೆ ಅಲೆ. ಇಡೀ ಚಪ್ಪಡಿಯೇ ಅಲೆಗಳ ಅಟ್ಟಿ. ಐದನೆಯ ಎಲೆ ಎದ್ದಾಗ ಮಾತ್ರ ಅಲೆ ಇರಲಿಲ್ಲ. ಅಪ್ಪನ ಮುಖ ಅರಳಿತು. ಬಗ್ಗಿ ಕೈಯಾಡಿಸಿದರು. ಅರಳಿದ್ದು ಅರ್ಧದಲ್ಲೇ ನಿಂತಿತು.

ಸಮವಲ್ಲ. ಕಡಲೆಬೀಜ ಒತ್ತಿದ ಹಾಗೆ ಎಲ್ಲ ಕಡೆ ಪುಟ್ಟ ಪುಟ್ಟ ಗುಳಿ. ನಾನು ಪಕ್ಕದ ಹೊಯ್ಗೆಯ ರಾಶಿ ನೋಡಿದೆ. ನಿನ್ನೆಯ ಮಳೆಯ ಮೊದಲ ದೊಡ್ಡ ಹನಿಗಳು ಮಾಡಿನ ಅಡಿಯಲ್ಲಿದ್ದ ಅದರ ಅಂಚಿಗೆ ಬಿದ್ದ ಕಡೆ ಅದೇ ಗುಳಿ, ಅಷ್ಟೇ ಗಾತ್ರ. ಅಪ್ಪನೂ ನನ್ನ ಕಣ್ಣು ಹೋದಲ್ಲಿ ನೋಡಿದರು.

"ಮಳೆ," ಎಂದರು ಮೆಲ್ಲಗೆ.

ಕಲ್ಲು ಒಂದು ಮಳೆ ತಿನ್ನಲಿ ಎಂದು ನಾಲ್ಕು ದಿನ ಕಾದಿದ್ದೆವು. ಅದು ಮೊದಲೇ ತಿಂದುಕೊಂಡು ಬಂದಿತ್ತು. ಡ್ರೈವರ್ ಟಯರಿಗೆ ಒರಗಿ ಕೆಮ್ಮಿದ್ದು ನೆನಪಾಯಿತು. ತಡೆಯಬೇಕೆಂದು ನಾನು ನಾಲಿಗೆ ಕಚ್ಚಿದೆ, ಉಗುರು ಅಂಗೈಗೆ ಒತ್ತಿದೆ. ಆಗಲಿಲ್ಲ. ನೀರಿನ ಕೊಡವನ್ನು ತಬ್ಬಿಕೊಂಡು ನಕ್ಕೆ, ಕಣ್ಣಲ್ಲಿ ನೀರು ಬರುವಷ್ಟು.

ಅಪ್ಪ ಎದ್ದು ನಿಂತರು. ಉಳಿಯ ಬಾಯಿ ಮೊಂಡಾಗಿ ಹೋಗಿತ್ತು. "ಅಪ್ಪನ ಚಾವಡಿ ಹೋಗುವಾಗ ನಗು ಬರ್ತದಾ ನಿನಗೆ?" ಎಂದರು. ಸ್ವರ ಏರಿಸಲಿಲ್ಲ, ಅದೇ ಕಷ್ಟ. "ನಗುವವಳು ದಾರಿ ಹೇಳು ಹಾಗಾದ್ರೆ."

ದಾರಿ ನನಗೆ ಗೊತ್ತಿತ್ತು. ಶುಕ್ರವಾರವೇ ಕಂಡಿದ್ದೆ. ಅಲೆಗಳನ್ನು ತೆಗೆಯುವುದಲ್ಲ, ಇದ್ದ ಹಾಗೆ ಜೋಡಿಸುವುದು. ಒಂದೇ ಹಾಸಿನಿಂದ ಎಬ್ಬಿಸಿ ಕತ್ತರಿಸಿದ ಚಪ್ಪಡಿಗಳು ಅವು. ಒಂದರ ಅಂಚಿನಲ್ಲಿ ಕಡಿದುಹೋದ ಅಲೆ ಇನ್ನೊಂದರ ಅಂಚಿನಲ್ಲಿ ಮುಂದುವರಿಯುತ್ತದೆ. ಅಷ್ಟು ಹೇಳಿದರೆ ಸಾಕಿತ್ತು. ಬಾಯಿ ತೆರೆದೆ. ಬಂದದ್ದು ಮತ್ತೆ ನಗು. ಅಪ್ಪ ಉಳಿಗಳನ್ನು ಗೋಣಿಯಲ್ಲಿ ಸುತ್ತಿಕೊಂಡು ಹೊರಟರು. ಭಾನುವಾರ ಮನೆಯಲ್ಲಿ ನನ್ನೊಡನೆ ಮಾತಾಡಲಿಲ್ಲ. ಸೋಮವಾರ ಬೆಳಿಗ್ಗೆ ಕಂಕನಾಡಿಯಲ್ಲಿ ಶೀನಪ್ಪ ಆಚಾರಿಯ ಕುಲುಮೆಯಲ್ಲಿ ಉಳಿ ಹದಮಾಡಿಸಿ, ಬೇರೆ ಕಲ್ಲು ಹಿಡಿದು ಇನ್ನೊಮ್ಮೆ ನೋಡುತ್ತೇನೆ ಎಂದು ಅಮ್ಮನೊಡನೆ ಹೇಳುವುದು ಕೇಳಿಸಿತು.

ಆನಿಯ ಹತ್ತಿರ ಮಾತ್ರ ನನಗೆ ಮಾತು ಬರುತ್ತದೆ. ಭಾನುವಾರ ಅವಳು ಪೂಜೆ ಮುಗಿಸಿ ಬರುವಾಗ ದಾರಿಯಲ್ಲಿ ಹಿಡಿದು ಎಲ್ಲ ಹೇಳಿದೆ.

"ಇದನ್ನೇ ನಿನ್ನ ಅಪ್ಪನತ್ರ ಹೇಳು."

"ಆಗುದಿಲ್ಲ."

"ಮುದ್ದಕ್ಕನತ್ರ?"

"ಸಾಯ್ತೇನೆ."

ಆನಿ ತಲೆಯ ಮೇಲಿನ ಬಟ್ಟೆ ಮಡಚಿ ಬಗಲಿಗೆ ಸಿಕ್ಕಿಸಿದಳು. "ಹಾಗಾದ್ರೆ ಕಲ್ಲೇ ಹೇಳ್ಲಿ. ಶೀನಪ್ಪಾಚಾರಿ ಮಾತಿಗೆ ಹಿಡಿದ್ರೆ ನಿನ್ನ ಅಪ್ಪ ಹತ್ತು ಗಂಟೆಯವರೆಗೆ ಬರುದಿಲ್ಲ. ನಾವು ಮೊದಲ ಬಸ್ಸಿಗೆ ಹೋಗುವ."

ಮೊದಲ ಬಸ್ಸಿಗೆ ಹೋದೆವು. ಚಾವಡಿ ಹನ್ನೆರಡಡಿ ಚೌಕ, ಮೂವತ್ತಾರು ಚಪ್ಪಡಿ. ಇಬ್ಬರು ಹಿಡಿದರೆ ಏಳುತ್ತವೆ, ಏಳುವುದಿಲ್ಲ ಎಂದೂ ಹೇಳಬಹುದು. ಐದನೆಯದಕ್ಕೆ ಆನಿ, "ನಿನ್ನ ಕಡಲಿಗೆ ಬೆಂಕಿ ಬೀಳ," ಎಂದಳು. ಹತ್ತನೆಯದಕ್ಕೆ ಬಾಲ ಯೇಸುವನ್ನು ಕರೆದಳು. ಹದಿನೈದರ ನಂತರ ಅವಳಿಗೂ ಹುಚ್ಚು ಹಿಡಿಯಿತು. "ಇದಲ್ಲ ಮಾರಾಯ್ತಿ, ಇದರ ಬಾಲ ಅಲ್ಲಿ ಉಂಟು, ಆ ಮೂಲೆಯದ್ದು ತಾ!" ಎಂದು ಅವಳೇ ಓಡತೊಡಗಿದಳು.

ಇಳಿತದ ಹೊಯ್ಗೆಯ ನೆರಿಗೆಗೆ ಎರಡು ಬದಿ ಒಂದೇ ತರ ಇರುವುದಿಲ್ಲ. ನೀರು ಬಂದ ಬದಿ ಇಳಿಜಾರು, ನೀರು ಹೋದ ಬದಿ ಕಡಿದು. ಹೊಳೆಯಲ್ಲಿ ಕಡಿದಾದ ಬದಿ ಯಾವಾಗಲೂ ಕಡಲಿನ ಕಡೆ, ಪಡುವಣಕ್ಕೆ. ಮುದ್ದಕ್ಕನ ಮನೆಯ ಬಾಗಿಲೂ ರಸ್ತೆ ಇರುವ ಪಡುವಣಕ್ಕೇ. ನಾನು ಯೋಚಿಸಲೇ ಇಲ್ಲ. ಕಾಲು ಹೇಳಿದ ಹಾಗೆ, ಕಡಿದಾದ ಬದಿಗಳನ್ನೆಲ್ಲ ಬಾಗಿಲಿನ ಕಡೆ ಮಾಡಿ ಇಟ್ಟೆ. ಒಂದು ಚಪ್ಪಡಿಯ ಅರ್ಧ ಅಲೆ ಇನ್ನೊಂದರ ಅರ್ಧ ಅಲೆಗೆ ಕೂಡಿದಾಗಲೆಲ್ಲ ನನ್ನ ಬೆನ್ನಿನಲ್ಲಿ ಏನೋ ಓಡುತ್ತಿತ್ತು.

ಒಂಬತ್ತೂವರೆಗೆ ಕೊನೆಯ ಚಪ್ಪಡಿ ಕೂತಿತು. ಮೂಡಣ ಕಿಟಕಿಯಿಂದ ಬಿಸಿಲು ಓರೆಯಾಗಿ ಬೀಳುತ್ತಿತ್ತು. ಪ್ರತಿ ಅಲೆಗೂ ಒಂದು ಬೆಳಕಿನ ಬೆನ್ನು, ಒಂದು ನೆರಳಿನ ಹೊಟ್ಟೆ. ನೆಲ ಹರಿಯುತ್ತಿತ್ತು. ಒಂದೇ ಒಂದು ಇಳಿತ. ಅದರ ಮೇಲೆ ಬಂದ ನೀರು ಅದನ್ನು ಅಳಿಸಲು ಮರೆತದ್ದು. ಆನಿ ಒಂದು ಕಾಲಿಟ್ಟು, "ಅಯ್ಯೋ, ದೋಣಿ!" ಎಂದು ಗೋಡೆ ಹಿಡಿದಳು. ನಾನು ಅವಳ ಕೈ ಹಿಡಿದೆ. ಇಬ್ಬರೂ ನಡುಮಧ್ಯೆ ನಿಂತು, ಯಾರು ಶುರು ಮಾಡಿದ್ದೋ, ಗಿರಗಿರನೆ ತಿರುಗಿದೆವು. ಗೋಡೆ, ಕಿಟಕಿ, ಬಾಗಿಲು, ಗೋಡೆ, ಕಿಟಕಿ, ಮುದ್ದಕ್ಕ.

ಬಾಗಿಲಿನಲ್ಲಿ ಮುದ್ದಕ್ಕ.

ನಿಂತೆವು. ಚಾವಡಿ ನಿಲ್ಲಲಿಲ್ಲ. ಮುದ್ದಕ್ಕನ ಸ್ವರ ಈ ಸಲ ಅವರಿಗಿಂತ ಮೊದಲು ಬಂದಿರಲಿಲ್ಲ. ನೆಲವನ್ನೇ ನೋಡುತ್ತಿದ್ದರು. ಚಪ್ಪಲಿ ಬಿಟ್ಟು ಒಂದು ಕಾಲು ಒಳಗಿಟ್ಟರು. ತೆಗೆದರು. ಮತ್ತೆ ಇಟ್ಟರು.

"ಇದು ಯಾರು ಮಾಡಿದ್ದು?"

ಆನಿ ನನ್ನನ್ನು ತೋರಿಸಿದಳು, ಜುದಾಸನ ಹಾಗೆ.

"ಹೀಗೆ ಇಡ್ಬೇಕು ಅಂತ ಯಾರು ಹೇಳಿದ್ದು? ಪೂವಪ್ಪನಾ?"

ನಗು ಹೊರಟಿತು. ಹೊಟ್ಟೆಯಿಂದ ಎದೆಗೆ, ಎದೆಯಿಂದ ಕೊರಳಿಗೆ. ಇನ್ನು ಅರ್ಧ ಗಂಟೆಯಲ್ಲಿ ಅಪ್ಪ ಹದವಾದ ಉಳಿ ಹಿಡಿದು ಬರುತ್ತಾರೆ, ಒಂದೂವರೆ ಗಂಟೆಯಲ್ಲಿ ತಾರಾನಾಥಣ್ಣ ಬರುತ್ತಾರೆ. ಇಬ್ಬರಲ್ಲಿ ಯಾರು ಗೆದ್ದರೂ ಈ ಅಲೆಗಳಿಲ್ಲ. ಮುದ್ದಕ್ಕನ ಮುಖ ನೋಡಿದರೆ ನನ್ನಿಂದ ಆಗದು. ಹಾಗಾಗಿ ನೆಲಕ್ಕೆ ಕೂತೆ, ಕಲ್ಲಿನ ಮೇಲೆ ಬೆರಳಿಟ್ಟೆ, ಕಲ್ಲಿಗೇ ಹೇಳಿದೆ.

"ಇದು ಇಳಿತ, ಮುದ್ದಕ್ಕ. ನೋಡಿ, ಈ ಬದಿ ಇಳಿಜಾರು, ಈ ಬದಿ ಕಡಿದು. ನೀರು ಆ ಗೋಡೆಯ ಕಡೆಯಿಂದ ಬಂದು ಹೀಗೆ ಹೋದದ್ದು. ಹೊಳೆಯಲ್ಲಿ ಹಾಗೇ ಇರ್ತದೆ. ಅದನ್ನು ಕೆತ್ತಿದ್ರೆ ಅಡಿಯಲ್ಲಿ ಇನ್ನೊಂದು ಉಂಟು. ಕೆತ್ತಿ ಮುಗಿಯುದಿಲ್ಲ. ಬಿಡಿ ಅದನ್ನು, ಇರ್ಲಿ."

ಅಷ್ಟು ಉದ್ದದ ಮಾತು ನಾನು ಆನಿಯ ಹೊರತು ಯಾರೊಡನೆಯೂ ಆಡಿರಲಿಲ್ಲ. ಮುದ್ದಕ್ಕ ನನ್ನ ಬೆರಳು ತೋರಿಸಿದ ದಾರಿಯನ್ನು ಕಣ್ಣಿನಿಂದ ಹಿಡಿದರು. ಹಿಂದಿನ ಗೋಡೆಯಿಂದ ಚಾವಡಿಯ ನಡುವಿಗೆ, ಅಲ್ಲಿಂದ ತಮ್ಮ ಕಾಲಬುಡಕ್ಕೆ, ಹೊಸ್ತಿಲಿಗೆ, ಹೊರಗೆ ಮೆಟ್ಟಿಲಿಗೆ, ಗೇಟಿಗೆ, ರಸ್ತೆಗೆ. ಹಾಗೆಯೇ ಎದೆಗೆ ಕೈ ಬಡಿದುಕೊಂಡರು.

"ಅಯ್ಯೋ ಪೊಣ್ಣೇ! ನೀರೆಲ್ಲ ಹೊರಗೆ ಹೋಗ್ತಾ ಉಂಟಲ್ಲ!"

ನಾನು ತಲೆಯೆತ್ತಿದೆ.

"ನನ್ನ ಮಗ ಐದು ವರ್ಷ ಮರುಭೂಮಿಯಲ್ಲಿ ಬೆಂದು ಕಟ್ಟಿಸಿದ ಮನೆ! ಇದ್ದಬದ್ದ ಐಶ್ವರ್ಯವೆಲ್ಲ ಬಾಗಿಲಿಂದ ರಸ್ತೆಗೆ ಹರಿಯುವ ಹಾಗೆ ಇಟ್ಟಿದ್ದೀಯಲ್ಲ! ತಿರುಗಿಸು!"

"ಯಾವುದನ್ನು ಮುದ್ದಕ್ಕ?" ಎಂದಳು ಆನಿ.

"ಕಡಲನ್ನು!"

ಒಂದು ಉಸಿರಿನಷ್ಟು ಹೊತ್ತು ನನಗೆ ಅರ್ಥವಾಗಲಿಲ್ಲ. ಆಮೇಲೆ ಆಯಿತು. ಬಟ್ಟೆ ಒಗೆಯುವ ಕಲ್ಲಾಗಿದ್ದರೆ ಅದರಲ್ಲಿ ನೀರು ಯಾವ ಕಡೆ ಹೋದರೆ ಏನು? ಮುದ್ದಕ್ಕನಿಗೆ ನೀರು ಕಾಣುತ್ತಿತ್ತು.

ಅಷ್ಟರಲ್ಲಿ ಅಪ್ಪ ಬಂದರು, ಗೋಣಿಯಲ್ಲಿ ಸುತ್ತಿದ ಉಳಿಗಳೊಡನೆ. ಕಡಲನ್ನು ತಿರುಗಿಸು ಎಂಬ ಮಾತು ಅವರಿಗೆ ಗೇಟಿನಲ್ಲೇ ಕೇಳಿಸಿತ್ತಂತೆ. ಮುದ್ದಕ್ಕನಿಗೆ ಪಿತ್ತ ನೆತ್ತಿಗೇರಿತೆಂದು ಓಡಿಬಂದವರು ಹೊಸ್ತಿಲಲ್ಲಿ ನಿಂತುಬಿಟ್ಟರು. ತುಂಬ ಹೊತ್ತು ನೋಡಿದರು. ಎರಡು ಕಲ್ಲು ಕೂಡಿದಲ್ಲಿ ಉಗುರಿನಿಂದ ಗೀರಿ ನೋಡಿದರು. ಆಮೇಲೆ ಉಳಿಯ ಗೋಣಿಯನ್ನು ಹೊರಗೆ, ಮೆಟ್ಟಿಲಿನ ಕೆಳಗೆ ಇಟ್ಟು ಬಂದು ನನ್ನ ಪಕ್ಕ ಕುಕ್ಕರಗಾಲಲ್ಲಿ ಕೂತರು.

"ಹೊಳೆಗೆ ನೀರು ಏರುವಾಗ ಹೊಯ್ಗೆ ಹೇಗಿರ್ತದೆ ಮಗಾ?"

ಕೆಲಸದ ವಿಷಯದಲ್ಲಿ ಅಪ್ಪ ನನ್ನನ್ನು ಏನಾದರೂ ಕೇಳಿದ್ದು ಅದೇ ಮೊದಲು. "ಇದೇ ತರ," ಎಂದೆ, "ಉಲ್ಟಾ."

"ಹಾಗಾದ್ರೆ ಬಾಗಿಲಿನ ಸಾಲು ಹಿಂದಕ್ಕೆ. ಹಿಂದಿನದ್ದು ಬಾಗಿಲಿಗೆ. ಒಂದೊಂದಕ್ಕೂ ಅರ್ಧ ಸುತ್ತು. ತಪ್ಪಿದ್ರೆ ಕಡಲು ಒಡೀತದೆ."

ಆ ಎರಡು ಗಂಟೆಗಳನ್ನು ನೆನೆದರೆ ಈಗಲೂ ತಲೆ ತಿರುಗುತ್ತದೆ. ಮೊದಲನೆಯದು ಕೊನೆಗೆ ಹೋಗಬೇಕು, ಕೊನೆಯದನ್ನು ಎತ್ತದೆ ಅದಕ್ಕೆ ಜಾಗವಿಲ್ಲ. ಎತ್ತಿದ್ದನ್ನು ಇಡಲು ಅಂಗಳಕ್ಕೇ ಒಯ್ಯಬೇಕು. ಬರ್ನಡೆಟ್ ಟೀಚರ್ ಸಿಮೆಂಟ್ ಚೀಲದ ಮೇಲೆ ಹತ್ತಿ ನಿಂತು, ಸೀಮೆಸುಣ್ಣದಲ್ಲಿ ಹಾಕಿದ ನಂಬರು ಓದಿ ಹೇಳುತ್ತಿದ್ದರು. ಅವರು ಆರು ಎಂದದ್ದು ಆಚೆ ನಿಂತ ಆನಿಗೆ ಒಂಬತ್ತಾಗಿ ಕಾಣುತ್ತಿತ್ತು. "ಟೀಚರ್, ನೀವು ಯಾವ ಕಡೆ ನಿಂತಿದ್ದೀರಿ?" "ನಾನು ಸರಿಯಾಗಿ ನಿಂತಿದ್ದೇನೆ, ಕಲ್ಲು ತಿರುಗಿದ್ದು!" ಮುದ್ದಕ್ಕ ಹೊಸ್ತಿಲಲ್ಲಿ ಎರಡು ಕೈಯನ್ನೂ ಎದೆಯ ಕಡೆಗೆ ಎಳೆದುಕೊಳ್ಳುತ್ತ, "ಒಳಗೆ! ಒಳಗೆ ಬರ್ಲಿ! ಒಳಗೆ!" ಎಂದು ಕಡಲನ್ನೇ ಕರೆಯುತ್ತಿದ್ದರು, ಕೋಳಿಗಳನ್ನು ಗೂಡಿಗೆ ಕರೆಯುವ ಹಾಗೆ. ಹನ್ನೊಂದಕ್ಕೆ ಸರಿಯಾಗಿ ತಾರಾನಾಥಣ್ಣ ಬಿಳಿ ಪ್ಯಾಂಟಿನಲ್ಲಿ, ಅಳತೆಯ ಟೇಪು ಹಿಡಿದು ಬಂದರು.

"ನಮಸ್ಕಾರ ಮುದ್ದಕ್ಕ. ಚಾವಡಿ ಎಲ್ಲಿ?"

"ಬಂದ್ಯಾ, ಒಳ್ಳೇದಾಯ್ತು. ಆ ಹದಿನೇಳರ ತುದಿ ಹಿಡಿ."

ಹಿಡಿದರು ಪಾಪ. ಹದಿನೇಳರ ನಂತರ ಇಪ್ಪತ್ತರ ತುದಿಯನ್ನೂ ಹಿಡಿದರು. ಎಲ್ಲ ಮುಗಿದಾಗ ಅವರ ಪ್ಯಾಂಟು ಸಿಗಡಿಯ ಬಣ್ಣವಾಗಿತ್ತು. ಚಾವಡಿಯ ನಡುವೆ ನಿಂತು ಸುತ್ತ ನೋಡಿದರು, ಸ್ವಲ್ಪ ವಾಲಿದರು, ಅಪ್ಪನ ಭುಜ ಹಿಡಿದರು. "ಇದು ನನ್ನ ಕೈಯಲ್ಲಿ ಆಗುವ ಕೆಲಸ ಅಲ್ಲ ಮೇಸ್ತ್ರಿ," ಎಂದು ಟೇಪನ್ನು ಜೇಬಿಗೆ ಹಾಕಿಕೊಂಡರು.

ಒಕ್ಕೆಲಿಗೆ ಎರಡು ದಿನ ಮೊದಲು ಮೋಹನದಾಸಣ್ಣ ಬೊಂಬಾಯಿಯಿಂದ ಬಸ್ಸಿನಲ್ಲಿ ಬಂದರು. ಚಾವಡಿಗೆ ಕಾಲಿಟ್ಟು, "ಎಂತ ಅಮ್ಮಾ, ನಾನು ಇನ್ನೂ ಬಸ್ಸಲ್ಲೇ ಇದ್ದೇನಾ?" ಎಂದರಂತೆ. ಒಕ್ಕೆಲಿನ ದಿವಸ ಹೊಸ ಕುರ್ಚಿಗಳನ್ನು ಹಾಕಿದರು. ಒಂದೂ ನಾಲ್ಕು ಕಾಲಿನಲ್ಲಿ ನಿಲ್ಲಲಿಲ್ಲ. ನೆಂಟರು ಕೂತಲ್ಲೇ ಮೆಲ್ಲಗೆ ತೂಗಾಡಿದರು. ಮುದ್ದಕ್ಕನ ಭಾವನೊಬ್ಬರು ತಮಗೆ ಬಿ.ಪಿ. ಏರಿತೆಂದು ಮಜ್ಜಿಗೆ ತರಿಸಿ ಕುಡಿದರು. ಕೊನೆಗೆ, "ಕುರ್ಚಿ ಎಂತಕ್ಕೆ, ಚಾಪೆ ಹಾಕಿ," ಎಂದರು ಮುದ್ದಕ್ಕ. ಎಲ್ಲರೂ ನೆಲಕ್ಕೆ ಇಳಿದು ಅಂಗೈಯಿಂದ ಅಲೆ ಸವರಿ ನೋಡಿದರು. ಬಂದವರೆಲ್ಲ ತಲೆ ತಗ್ಗಿಸಿಯೇ ಇದ್ದರು. ಅಪ್ಪ ಕಂಬಕ್ಕೆ ಒರಗಿ, ಯಾರನ್ನೂ ನೋಡದವರ ಹಾಗೆ, ಎಲ್ಲರನ್ನೂ ನೋಡುತ್ತಿದ್ದರು.

ಮನೆ ಕಟ್ಟಿದವರಿಗೆ ವೀಳ್ಯ, ಬಟ್ಟೆ ಕೊಟ್ಟ ಮೇಲೆಯೇ ಮನೆಯವರು ಉಣ್ಣುವುದು ನಮ್ಮಲ್ಲಿ ಪದ್ಧತಿ. ಮುದ್ದಕ್ಕ ಹರಿವಾಣ ಹಿಡಿದು ಅಪ್ಪನ ಮುಂದೆ ನಿಂತರು. ಬಾಗಿಲಿನ ಆಚೆ ಆನಿಯ ಬೆನ್ನಿಗೆ ಅಡಗಿ ನಿಂತಿದ್ದ ನನಗೆ ಅಪ್ಪನ ಸ್ವರ ಕೇಳಿಸಿತು.

"ಗೋಡೆಯದ್ದು ನನಗೆ ಕೊಡಿ ಮುದ್ದಕ್ಕ. ಚಾವಡಿಯದ್ದು ಅವಳಿಗೆ."

ಚಾವಡಿಯೆಲ್ಲ ತಿರುಗಿತು. ಮೂವತ್ತು ನಲವತ್ತು ಜೊತೆ ಕಣ್ಣು. ಮುದ್ದಕ್ಕ ಇನ್ನೊಂದು ಹರಿವಾಣ ತೆಗೆದುಕೊಂಡು, ಅಡುಗೆಮನೆಯ ಹೊಸ್ತಿಲಿನಿಂದ ಚಾವಡಿಗೆ ಇಳಿದು ನನ್ನ ಕಡೆ ಹೊರಟರು. ಇಳಿಯುವಾಗ ಒಂದು ಕೈಯಿಂದ ಸೀರೆಯ ಅಂಚನ್ನು ಮೆಲ್ಲಗೆ ಕಾಲಿನ ಹರಡಿಗಿಂತ ಮೇಲಕ್ಕೆ ಎತ್ತಿದರು.

ಅವರಿಗೆ ಅದು ಗೊತ್ತೇ ಇರಲಿಲ್ಲ. ಹಿಂದಿನಿಂದ ಬಂದ ಸೊಸೆಯೂ ಎತ್ತಿದಳು. ಅವಳ ಹಿಂದಿನ ನಾಲ್ಕು ಹೆಂಗಸರೂ ಎತ್ತಿದರು. ಎಲ್ಲರೂ ಸೀರೆ ನೆನೆಯದ ಹಾಗೆ, ಒಂದೊಂದೇ ಹೆಜ್ಜೆ ಇಡುತ್ತ, ಒಣ ಕಲ್ಲಿನ ಮೇಲೆ ನೀರು ದಾಟಿ ನನ್ನ ಕಡೆ ಬರುತ್ತಿದ್ದರು.

ನಗು ಬಂತು. ತಡೆಯಲು ಹೋಗಲೇ ಇಲ್ಲ. ಗಟ್ಟಿಯಾಗಿ, ಬಾಯಿ ತೆರೆದು, ಆನಿಯ ಬೆನ್ನು ಗುದ್ದಿ ನಕ್ಕೆ. ಮುದ್ದಕ್ಕ ನಡುನೀರಿನಲ್ಲಿ ನಿಂತು ತಮ್ಮ ಕಾಲು ನೋಡಿಕೊಂಡರು, ಕೈಯಲ್ಲಿದ್ದ ಸೀರೆಯ ಅಂಚು ನೋಡಿಕೊಂಡರು. ಹರಿವಾಣದ ಅಡಿಕೆ ಉರುಳುವಷ್ಟು ಅವರೂ ನಕ್ಕು ಅಲ್ಲಾಡಿದರು.

"ಬಾಗಿಲ ಹೊರಗೆ ನಿಂತು ಎಂತಕ್ಕೆ ನಗುದು ಪೊಣ್ಣೇ?" ಎಂದು ಕೂಗಿದರು. "ಒಳಗೆ ಬಂದು ನಗು! ಬೇಗ ಬಾ, ನೀರು ಏರ್ತಾ ಉಂಟು!"